ಮನೆ ಸಾಲ: ಕಂತು ಎಷ್ಟು ಅನ್ನೋದಕ್ಕಿಂತ ಎಷ್ಟು ವರ್ಷ ಅನ್ನೋದೇ ದುಬಾರಿ

ವಿಜಯಪುರ: ಮನೆ ಸಾಲಕ್ಕೆಂದು ಬ್ಯಾಂಕಿಗೆ ಹೋದವರು ಮೊದಲು ಕೇಳುವ ಪ್ರಶ್ನೆ ಒಂದೇ. ‘ತಿಂಗಳಿಗೆ ಎಷ್ಟು ಬೀಳತೈತಿ?’ ಕಂತು ಕೈಗೆ ಎಟುಕುವಂತಿದ್ದರೆ ಸಹಿ ಆಗಿಬಿಡುತ್ತದೆ. ಕೊನೆಗೆ ಒಟ್ಟು ಎಷ್ಟು ಕಟ್ಟಬೇಕು ಎಂದು ಕೇಳುವವರು ಕಡಿಮೆ. ಅಂಗಡಿಗೆ ಮಾಲು ತರುವಾಗ ಪೆಟ್ಟಿಗೆಗೆ ಐದು ರೂಪಾಯಿ ಹೆಚ್ಚು ಕಡಿಮೆಯಾದರೂ ಚೌಕಾಸಿ ಮಾಡುವ ವ್ಯಾಪಾರಿಗಳೂ ಜೀವಮಾನದ ಅತಿ ದೊಡ್ಡ ಖರೀದಿಯಲ್ಲಿ ಈ ಲೆಕ್ಕ ಹಾಕದೇ ಬರುತ್ತಾರೆ.

ವಿಜಯಪುರ ನಗರದ ಸುತ್ತ ಸೋಲಾಪುರ ರಸ್ತೆ, ಅಥಣಿ ರಸ್ತೆ ಕಡೆ ಬಡಾವಣೆಗಳು ಬೆಳೆಯುತ್ತಿವೆ. ತಿಕೋಟಾ, ಬಬಲೇಶ್ವರ ತಾಲ್ಲೂಕು ಕೇಂದ್ರಗಳಾದ ಮೇಲೆ ಅಲ್ಲಿಯೂ ಪ್ಲಾಟ್ ತಗೊಂಡು ಮನೆ ಕಟ್ಟುವವರು ಹೆಚ್ಚಿದ್ದಾರೆ. ಸಾಲ ಇಲ್ಲದೆ ಮನೆ ಕಟ್ಟುವುದು ಬಹುತೇಕರಿಗೆ ಆಗದ ಮಾತು. ಮನೆ ಸಾಲ ಕೆಟ್ಟದ್ದೇನೂ ಅಲ್ಲ. ಸಾಮಾನ್ಯರಿಗೆ ಸಿಗುವ ಸಾಲಗಳ ಪೈಕಿ ಇದರ ಬಡ್ಡಿಯೇ ಕಡಿಮೆ ಇರುತ್ತದೆ. ಆದರೆ ಇದರ ನಿಜವಾದ ಬೆಲೆ ಗೊತ್ತಾಗುವುದು ಕಂತಿನಲ್ಲಲ್ಲ, ವರ್ಷಗಳಲ್ಲಿ.

25 ಲಕ್ಷದ ಲೆಕ್ಕ

25 ಲಕ್ಷ ರೂಪಾಯಿ ಸಾಲ, ವರ್ಷಕ್ಕೆ ಶೇ 8.5 ಬಡ್ಡಿ ಎಂದು ಇಟ್ಟುಕೊಂಡರೆ ಲೆಕ್ಕ ಹೀಗೆ ಬರುತ್ತದೆ. (ದರ ಬ್ಯಾಂಕಿನಿಂದ ಬ್ಯಾಂಕಿಗೆ ಬೇರೆ ಇರುತ್ತದೆ. ಇದು ತಿಳಿವಳಿಕೆಗಾಗಿ ಮಾತ್ರ.)

- 10 ವರ್ಷ: ತಿಂಗಳ ಕಂತು ₹30,996. ಒಟ್ಟು ಬಡ್ಡಿ ₹12.20 ಲಕ್ಷ
- 15 ವರ್ಷ: ತಿಂಗಳ ಕಂತು ₹24,618. ಒಟ್ಟು ಬಡ್ಡಿ ₹19.31 ಲಕ್ಷ
- 20 ವರ್ಷ: ತಿಂಗಳ ಕಂತು ₹21,696. ಒಟ್ಟು ಬಡ್ಡಿ ₹27.07 ಲಕ್ಷ
- 25 ವರ್ಷ: ತಿಂಗಳ ಕಂತು ₹20,131. ಒಟ್ಟು ಬಡ್ಡಿ ₹35.39 ಲಕ್ಷ
- 30 ವರ್ಷ: ತಿಂಗಳ ಕಂತು ₹19,223. ಒಟ್ಟು ಬಡ್ಡಿ ₹44.20 ಲಕ್ಷ

20 ವರ್ಷ ಮತ್ತು 30 ವರ್ಷದ ಸಾಲು ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಬೇಕು. ಕಂತಿನಲ್ಲಿ ಕಡಿಮೆಯಾಗುವುದು ತಿಂಗಳಿಗೆ ಬರೀ ₹2,473. ಅದಕ್ಕೆ ಬದಲಾಗಿ ಹೆಚ್ಚು ಕಟ್ಟುವ ಬಡ್ಡಿ 17 ಲಕ್ಷಕ್ಕೂ ಮೇಲೆ. ಅದೇ 20 ವರ್ಷದಿಂದ 15ಕ್ಕೆ ಇಳಿಸಿದರೆ ತಿಂಗಳಿಗೆ ₹2,922 ಹೆಚ್ಚು ಕಟ್ಟಬೇಕು, ಉಳಿಯುವುದು ಸುಮಾರು ₹7.75 ಲಕ್ಷ.

ಅಂದರೆ ಅವಧಿ ಉದ್ದ ಮಾಡಿದಂತೆ ಕಂತು ಇಳಿಯುವುದು ನಿಧಾನ, ಬಡ್ಡಿ ಏರುವುದು ಜೋರು. ‘ಕಂತು ಕಡಿಮೆ ಮಾಡಿಸಿಕೊಟ್ಟೆ’ ಎಂದು ಏಜೆಂಟರು ಹೇಳಿದರೆ ಹೆಚ್ಚಿನ ಸಲ ಆಗಿರುವುದು ಬಡ್ಡಿ ಇಳಿಕೆಯಲ್ಲ, ವರ್ಷ ಏರಿಕೆ.

ಅಂಗಡಿ ನಡೆಸುವವರಿಗೆ ಇದು ಇನ್ನೂ ಮುಖ್ಯ. 40ನೇ ವಯಸ್ಸಿನಲ್ಲಿ 30 ವರ್ಷದ ಸಾಲ ಎತ್ತಿದರೆ ಅದು ತೀರುವಾಗ 70 ವರ್ಷ. ಸರ್ಕಾರಿ ನೌಕರರಂತೆ ವ್ಯಾಪಾರಿಗೆ ಪಿಂಚಣಿ ಇಲ್ಲ. ಗಲ್ಲೆಯ ಮೇಲೆ ಯಾರು ಕೂತರೂ ಕಂತು ಮಾತ್ರ ಪ್ರತಿ ತಿಂಗಳು ಕಟ್ಟಲೇಬೇಕು.

ಮೊದಲ ವರ್ಷಗಳ ಕಂತು ಎಲ್ಲಿಗೆ ಹೋಗುತ್ತದೆ?

ಕಂತು ಒಂದೇ ಮೊತ್ತವಾದರೂ ಅದರೊಳಗೆ ಎರಡು ಭಾಗ ಇರುತ್ತವೆ. ಬಾಕಿ ಇರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿಯನ್ನು ಬ್ಯಾಂಕ್ ಮೊದಲು ಮುರಿದುಕೊಳ್ಳುತ್ತದೆ. ಉಳಿದದ್ದು ಮಾತ್ರ ಅಸಲಿಗೆ ಜಮಾ.

ಮೇಲಿನ 20 ವರ್ಷದ ಸಾಲದಲ್ಲಿ ಮೊದಲ ಕಂತು ₹21,696. ಅದರಲ್ಲಿ ಬಡ್ಡಿಯೇ ₹17,708. ಅಸಲು ಇಳಿಯುವುದು ₹3,988 ಮಾತ್ರ. ಐದು ವರ್ಷ ಒಂದೂ ಕಂತು ತಪ್ಪಿಸದೆ ಕಟ್ಟಿದರೆ ಒಟ್ಟು ಸುಮಾರು ₹13 ಲಕ್ಷ ಕಟ್ಟಿದಂತಾಗುತ್ತದೆ. ಆದರೆ ಸಾಲ 25 ಲಕ್ಷದಿಂದ 22.03 ಲಕ್ಷಕ್ಕೆ ಮಾತ್ರ ಇಳಿದಿರುತ್ತದೆ. ಉಳಿದ 10 ಲಕ್ಷ ಬಡ್ಡಿ.

ಅಸಲು ಅರ್ಧಕ್ಕೆ ಬರುವುದು ಯಾವಾಗ? 10 ವರ್ಷಕ್ಕೆ ಎಂದು ಹಲವರು ಅಂದುಕೊಳ್ಳುತ್ತಾರೆ. ನಿಜಕ್ಕೂ ಅದಕ್ಕೆ 13 ವರ್ಷ 10 ತಿಂಗಳು ಬೇಕು. ಇದು ಮೋಸವಲ್ಲ, ಇಳಿಯುವ ಬಾಕಿಯ ಮೇಲೆ ಬಡ್ಡಿ ಹಾಕುವ ಪದ್ಧತಿಯೇ ಹೀಗೆ. ಆದರೆ ಐದಾರು ವರ್ಷಕ್ಕೆ ಮನೆ ಮಾರುವವರು, ಸಾಲ ಬೇರೆ ಬ್ಯಾಂಕಿಗೆ ವರ್ಗಾಯಿಸುವವರು ‘ಇಷ್ಟು ಕಟ್ಟಿದರೂ ಸಾಲ ಇಳಿದಿಲ್ಲವಲ್ಲ’ ಎಂದು ಗಾಬರಿಯಾಗುವುದು ಇದೇ ಕಾರಣಕ್ಕೆ.

ಬಡ್ಡಿ ಏರಿತು, ಕಂತು ಏರಲಿಲ್ಲ. ಹಾಗಾದರೆ ಏರಿದ್ದು ಏನು?

ಇಂದಿನ ಹೆಚ್ಚಿನ ಮನೆ ಸಾಲಗಳು ಬದಲಾಗುವ ಬಡ್ಡಿಯವು, ಅಂದರೆ ಫ್ಲೋಟಿಂಗ್. 2019ರ ಅಕ್ಟೋಬರ್ 1ರಿಂದ ವಾಣಿಜ್ಯ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ಮನೆ ಸಾಲದ ದರವನ್ನು ರೆಪೊ ದರದಂಥ ಹೊರಗಿನ ದರಕ್ಕೆ ಕಟ್ಟಬೇಕು ಎಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿದೆ. ರೆಪೊ ಏರಿದರೆ ಸಾಲದ ಬಡ್ಡಿ ಏರುತ್ತದೆ, ಇಳಿದರೆ ಇಳಿಯುತ್ತದೆ. ಮೂರು ತಿಂಗಳಿಗೆ ಒಮ್ಮೆಯಾದರೂ ದರ ಹೊಂದಿಸಬೇಕು.

2022ರ ಮೇ ತಿಂಗಳಿಂದ 2023ರ ಫೆಬ್ರುವರಿವರೆಗೆ ರೆಪೊ ದರ ಶೇ 4ರಿಂದ ಶೇ 6.5ಕ್ಕೆ ಏರಿತು. ಹತ್ತು ತಿಂಗಳೊಳಗೆ ಎರಡೂವರೆ ಶೇಕಡಾ. ಆಗ ಎಷ್ಟೋ ಸಾಲಗಾರರ ಕಂತು ಅಷ್ಟೇ ಇತ್ತು. ಬ್ಯಾಂಕಿನವರು ಕಂತು ಏರಿಸಿಲ್ಲ ಅಂತ ಸಮಾಧಾನ ಪಟ್ಟುಕೊಂಡವರಿಗೆ ಅವಧಿ ಬೆಳೆದದ್ದು ಗೊತ್ತಾಗಲಿಲ್ಲ.

ಇದರ ತೀವ್ರತೆ ತಿಳಿಯಲು ಒಂದು ಲೆಕ್ಕ. 25 ಲಕ್ಷ ಸಾಲ, 20 ವರ್ಷ, ಶೇ 7 ಬಡ್ಡಿ. ಕಂತು ₹19,382. ಒಂದು ವರ್ಷ ಕಟ್ಟಿದ ಮೇಲೆ ಬಾಕಿ ಸುಮಾರು ₹24.41 ಲಕ್ಷ. ಆಗ ಬಡ್ಡಿ ಶೇ 9.5ಕ್ಕೆ ಏರಿದರೆ ಆ ತಿಂಗಳ ಬಡ್ಡಿಯೇ ₹19,321 ಆಗುತ್ತದೆ. ಕಂತು ಅಷ್ಟೇ ಬಿಟ್ಟರೆ ಅಸಲಿಗೆ ಜಮಾ ಆಗುವುದು ₹61! ಹೀಗೇ ಕಟ್ಟುತ್ತ ಹೋದರೆ ಸಾಲ ತೀರಲು 60 ವರ್ಷಕ್ಕೂ ಹೆಚ್ಚು ಬೇಕು. ಉಳಿದ 19 ವರ್ಷದಲ್ಲೇ ತೀರಿಸಬೇಕೆಂದರೆ ಕಂತನ್ನು ಸುಮಾರು ₹23,157ಕ್ಕೆ ಏರಿಸಬೇಕು.

ಇಂಥ ಗೊಂದಲ ತಪ್ಪಿಸಲು ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಸುತ್ತೋಲೆ ಹೊರಡಿಸಿತು. ಅದರ ಪ್ರಕಾರ ಬಡ್ಡಿ ಏರಿದಾಗ ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂದು ಆಯ್ಕೆ ಕೊಡಬೇಕು. ಬ್ಯಾಂಕಿನ ನೀತಿಯಂತೆ ಸ್ಥಿರ ಬಡ್ಡಿಗೆ ಬದಲಾಗುವ ಅವಕಾಶವೂ ಇರಬೇಕು ಎಂದು ಆಗ ಹೇಳಿತ್ತು, ಈಗ ಅದು ಬ್ಯಾಂಕಿನ ಇಚ್ಛೆಗೆ ಬಿಟ್ಟದ್ದು. ಅವಧಿ ಹೆಚ್ಚಿಸಿದ್ದರಿಂದ ಬಡ್ಡಿಗೂ ಸಾಲದಷ್ಟು ಕಂತು ಆಗಿ, ಬಾಕಿಯೇ ಬೆಳೆಯುವಂತೆ ಆಗಬಾರದು.

ಇದೇ ಸುತ್ತೋಲೆಯಲ್ಲಿ ಹೆಚ್ಚು ಜನರಿಗೆ ಗೊತ್ತಿಲ್ಲದ ಇನ್ನೊಂದು ಮಾತಿದೆ. ಮೂರು ತಿಂಗಳಿಗೊಮ್ಮೆ ಬ್ಯಾಂಕ್ ಒಂದು ತಖ್ತೆ ಕೊಡಬೇಕು. ಈವರೆಗೆ ಅಸಲಿಗೆ ಎಷ್ಟು ಹೋಯಿತು, ಬಡ್ಡಿಗೆ ಎಷ್ಟು ಹೋಯಿತು, ಕಂತು ಎಷ್ಟು, ಇನ್ನೂ ಎಷ್ಟು ಕಂತು ಬಾಕಿ, ಬಡ್ಡಿ ದರ ಎಷ್ಟು, ಇಷ್ಟೂ ಅದರಲ್ಲಿ ಇರಬೇಕು. ನೋಡಬೇಕಾದ ಮುಖ್ಯ ಸಂಖ್ಯೆ ‘ಬಾಕಿ ಕಂತುಗಳು’. ಎರಡು ವರ್ಷ ಕಟ್ಟಿದ ಮೇಲೂ ಅದು 216ರ ಬದಲು 250, 260 ಎಂದಿದ್ದರೆ ಅವಧಿ ಬೆಳೆದಿದೆ ಎಂದೇ ಅರ್ಥ.

ಬಡ್ಡಿ ಇಳಿದಾಗ ಕಂತು ಇಳಿಸಬೇಕಾ?

2025ರ ಫೆಬ್ರುವರಿ, ಏಪ್ರಿಲ್, ಜೂನ್‌ನಲ್ಲಿ ರೆಪೊ ದರ ಮೂರು ಸಲ ಇಳಿದು ಶೇ 6.5ರಿಂದ ಶೇ 5.5ಕ್ಕೆ ಬಂತು. ಇಂಥ ಹೊತ್ತಿನಲ್ಲಿ ಕಂತು ಕಡಿಮೆ ಮಾಡಿಸಿಕೊಂಡರೆ ಕೈಯಲ್ಲಿ ಸ್ವಲ್ಪ ಹಣ ಉಳಿಯುತ್ತದೆ. ಆದರೆ ಕಂತು ಅಷ್ಟೇ ಇಟ್ಟುಕೊಂಡು ಅವಧಿ ಇಳಿಸಿದರೆ ಲಾಭ ಹೆಚ್ಚು.

ಮೊದಲಿನ ಉದಾಹರಣೆಯಲ್ಲಿ ಐದು ವರ್ಷದ ನಂತರ ಬಾಕಿ ₹22.03 ಲಕ್ಷ, ಉಳಿದದ್ದು 180 ಕಂತು. ಬಡ್ಡಿ ಶೇ 8.5ರಿಂದ ಶೇ 7.5ಕ್ಕೆ ಇಳಿದರೆ ಎರಡು ದಾರಿ.

ಕಂತನ್ನು ₹20,424ಕ್ಕೆ ಇಳಿಸಿ 180 ತಿಂಗಳೂ ಕಟ್ಟಿದರೆ ಒಟ್ಟು ಉಳಿಯುವುದು ಸುಮಾರು ₹2.29 ಲಕ್ಷ. ಹಳೆ ಕಂತು ₹21,696 ಹಾಗೇ ಕಟ್ಟುತ್ತ ಹೋದರೆ 162 ಕಂತಿಗೇ ಸಾಲ ತೀರುತ್ತದೆ. ಒಂದೂವರೆ ವರ್ಷ ಮೊದಲು. ಉಳಿಯುವುದು ಸುಮಾರು ₹4 ಲಕ್ಷ.

ಹಳೆ ಸಾಲಗಾರರು ಇನ್ನೊಂದು ಮಾತು ಗಮನಿಸಬೇಕು. 2019ರ ಅಕ್ಟೋಬರ್‌ಗೆ ಮುಂಚಿನ ಸಾಲಗಳು ಎಂಸಿಎಲ್‌ಆರ್ ಅಥವಾ ಅದಕ್ಕೂ ಹಳೆಯ ಬೇಸ್ ರೇಟ್ ಪದ್ಧತಿಯಲ್ಲೇ ಇರಬಹುದು. ರೆಪೊ ಇಳಿದರೂ ಅವುಗಳ ಬಡ್ಡಿ ತಡವಾಗಿ ಇಳಿಯುತ್ತದೆ. ಹೌಸಿಂಗ್ ಫೈನಾನ್ಸ್ ಕಂಪನಿಗಳು ತಮ್ಮದೇ ಮೂಲ ದರ ಇಟ್ಟುಕೊಳ್ಳುತ್ತವೆ. ಅವುಗಳಿಗೆ ರೆಪೊ ದರಕ್ಕೆ ಕಟ್ಟಿಹಾಕುವ ನಿಯಮ ಅನ್ವಯಿಸುವುದಿಲ್ಲ. ಸ್ವಲ್ಪ ಶುಲ್ಕ ಕಟ್ಟಿ ಹೊಸ ದರಕ್ಕೆ ಬದಲಾಗಲು ಆಗುತ್ತದಾ ಎಂದು ತಮ್ಮ ಶಾಖೆಯಲ್ಲೇ ಮೊದಲು ಕೇಳುವುದು ಲೇಸು. 25 ಲಕ್ಷ, 20 ವರ್ಷದ ಸಾಲದಲ್ಲಿ ಅರ್ಧ ಶೇಕಡಾ ವ್ಯತ್ಯಾಸವೇ ಸುಮಾರು ₹1.9 ಲಕ್ಷ.

ಆದಾಯದ ಕಾಗದಪತ್ರ ಸರಿ ಇಲ್ಲದ ಸಣ್ಣ ವ್ಯಾಪಾರಿಗಳು ಹೆಚ್ಚು ಬಡ್ಡಿಯ ಸಾಲಕ್ಕೆ ಹೋಗಬೇಕಾಗುತ್ತದೆ. ಅದೇ ಸಾಲ ಶೇ 11ರಂತೆ ಸಿಕ್ಕರೆ ಕಂತು ₹25,805, ಒಟ್ಟು ಬಡ್ಡಿ ಸುಮಾರು ₹36.9 ಲಕ್ಷ. ಶೇ 8.5ರ ಸಾಲಕ್ಕಿಂತ ಹತ್ತಿರ ಹತ್ತಿರ 10 ಲಕ್ಷ ಹೆಚ್ಚು. ಮನೆ ಕಟ್ಟುವ ಎರಡು ಮೂರು ವರ್ಷ ಮುಂಚೆಯೇ ಆದಾಯ ತೆರಿಗೆ ರಿಟರ್ನ್ ಸಲ್ಲಿಸುತ್ತ, ವ್ಯಾಪಾರದ ವಹಿವಾಟನ್ನು ಬ್ಯಾಂಕ್ ಖಾತೆಯಲ್ಲಿ ತೋರಿಸುತ್ತ ಬಂದವರಿಗೆ ಈ ವ್ಯತ್ಯಾಸ ಉಳಿಯುವ ಸಾಧ್ಯತೆ ಹೆಚ್ಚು.

‘ಎಂಟೇ ಪರ್ಸೆಂಟ್’ ಅಂದರೆ ಯಾವ ಎಂಟು?

ನಮ್ಮ ಕಡೆ ಖಾಸಗಿಯಾಗಿ ಬಡ್ಡಿ ಹೇಳುವುದು ತಿಂಗಳ ಲೆಕ್ಕದಲ್ಲಿ. ‘ಎರಡು ರೂಪಾಯಿ ಬಡ್ಡಿ’ ಅಂದರೆ ನೂರಕ್ಕೆ ತಿಂಗಳಿಗೆ ಎರಡು, ವರ್ಷಕ್ಕೆ ಶೇ 24. ಬ್ಯಾಂಕ್ ಹೇಳುವುದು ವರ್ಷದ ದರ. ಎರಡನ್ನೂ ಬೆರೆಸಬಾರದು.

ಅದಕ್ಕಿಂತ ಕಣ್ಣು ತಪ್ಪಿಸುವುದು ‘ಫ್ಲ್ಯಾಟ್’ ಬಡ್ಡಿ. ಇಲ್ಲಿ ಅಸಲು ಇಳಿಯುತ್ತ ಹೋದರೂ ಕೊನೆವರೆಗೆ ಮೊದಲಿನ ಪೂರ್ತಿ ಅಸಲಿನ ಮೇಲೆಯೇ ಬಡ್ಡಿ. 5 ಲಕ್ಷ ಸಾಲ, 10 ವರ್ಷ, ಶೇ 8 ಫ್ಲ್ಯಾಟ್ ಎಂದರೆ ಬಡ್ಡಿ 4 ಲಕ್ಷ, ಕಂತು ₹7,500. ಬ್ಯಾಂಕಿನ ಇಳಿಯುವ ಬಾಕಿಯ ಪದ್ಧತಿಯಲ್ಲಿ ಇದು ಶೇ 13ಕ್ಕಿಂತ ಸ್ವಲ್ಪ ಹೆಚ್ಚೇ ಆಗುತ್ತದೆ. ಹೇಳಿದ್ದು ಎಂಟು, ಕೊಡುವುದು ಹದಿಮೂರು.

ಇದನ್ನು ಹಿಡಿಯಲು ಈಗ ಒಂದು ಕಾಗದ ಇದೆ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಬ್ಯಾಂಕುಗಳು ಮತ್ತು ಫೈನಾನ್ಸ್ ಕಂಪನಿಗಳು ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಕೊಡಬೇಕು. ಬಡ್ಡಿಯ ಜೊತೆ ಸಂಸ್ಕರಣಾ ಶುಲ್ಕ, ಸಾಲದ ಮೂಲಕವೇ ವಸೂಲಾಗುವ ವಿಮೆ, ಕಾನೂನು ಶುಲ್ಕ ಮುಂತಾದವನ್ನೆಲ್ಲ ಸೇರಿಸಿ ವರ್ಷದ ಒಟ್ಟು ವೆಚ್ಚದ ದರ, ಅಂದರೆ ಎಪಿಆರ್, ಅದರಲ್ಲಿ ಬರೆದಿರಬೇಕು. ತಿಂಗಳುವಾರು ಕಂತಿನ ಪಟ್ಟಿಯೂ ಇರಬೇಕು. ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಎಂದೂ ನಿಯಮ ಹೇಳುತ್ತದೆ. ಕನ್ನಡದಲ್ಲಿ ಕೊಡಿ ಎಂದು ಕೇಳಲು ಹಿಂಜರಿಯಬೇಕಿಲ್ಲ. ಎರಡು ಬ್ಯಾಂಕುಗಳ ಸಾಲ ಹೋಲಿಸುವಾಗ ಹೋರ್ಡಿಂಗ್ ಮೇಲಿನ ದರಕ್ಕಿಂತ ಎಪಿಆರ್ ಹೋಲಿಸುವುದೇ ಸರಿ.

ಲೆಕ್ಕಕ್ಕೆ ಬಾರದ ಖರ್ಚುಗಳು

ಮನೆ ಖರೀದಿಗೆ ಬ್ಯಾಂಕ್ ಪೂರ್ತಿ ಹಣ ಕೊಡುವುದಿಲ್ಲ. 30 ಲಕ್ಷದವರೆಗಿನ ಸಾಲಕ್ಕೆ ಆಸ್ತಿ ಮೌಲ್ಯದ ಶೇ 90, ಅದಕ್ಕೂ ಮೇಲೆ 75 ಲಕ್ಷದವರೆಗೆ ಶೇ 80 ಗರಿಷ್ಠ ಮಿತಿ. ಉಳಿದದ್ದು ಕೈಯಿಂದ ಹಾಕಬೇಕು.

ಅದರ ಮೇಲೆ ನೋಂದಣಿ ಖರ್ಚು. ರಾಜ್ಯದಲ್ಲಿ ಸಾಮಾನ್ಯ ಮುದ್ರಾಂಕ ಶುಲ್ಕ ಶೇ 5, ಜೊತೆಗೆ ಸೆಸ್ ಮತ್ತು ಸರ್ಚಾರ್ಜ್. ನೋಂದಣಿ ಶುಲ್ಕವನ್ನು 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿಸಲಾಗಿದೆ. ಎಲ್ಲ ಸೇರಿ ಸುಮಾರು ಶೇ 7.6. 30 ಲಕ್ಷದ ಮನೆಗೆ ₹2.28 ಲಕ್ಷ ಆಗುತ್ತದೆ.

ಕೈಯಲ್ಲಿ ಇಷ್ಟು ಇಲ್ಲದವರು ಈ ಹಂತದಲ್ಲಿ ಖಾಸಗಿಯವರ ಹತ್ತಿರ ಎರಡು ರೂಪಾಯಿ ಬಡ್ಡಿಗೆ ಸಾಲ ತರುತ್ತಾರೆ. 2 ಲಕ್ಷಕ್ಕೆ ತಿಂಗಳಿಗೆ ₹4,000 ಬರೀ ಬಡ್ಡಿ. ಮನೆ ಸಾಲದ ಕಂತಿನ ಪಕ್ಕದಲ್ಲಿ ಇದೊಂದು ಕಂತು ಶುರುವಾಗುತ್ತದೆ, ಅಸಲು ಮಾತ್ರ ಹಾಗೇ ಇರುತ್ತದೆ. ಮನೆ ಸಾಲದಲ್ಲಿ ಎಷ್ಟೋ ಸಂಸಾರಗಳು ಸುಸ್ತಾಗುವುದು ಬ್ಯಾಂಕಿನ ಬಡ್ಡಿಯಿಂದಲ್ಲ, ಇದರಿಂದ.

ವಿಮೆ ಇನ್ನೊಂದು. ಸಾಲಗಾರ ತೀರಿಕೊಂಡರೆ ಮನೆಯವರ ಮೇಲೆ ಹೊರೆ ಬೀಳದಿರಲಿ ಎಂದು ವಿಮೆ ಮಾಡಿಸುವುದು ಒಳ್ಳೆಯದೇ. ಆದರೆ ₹60,000 ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿಬಿಟ್ಟರೆ 20 ವರ್ಷದಲ್ಲಿ ಅದಕ್ಕೆ ಕಟ್ಟುವುದು ಸುಮಾರು ₹1.25 ಲಕ್ಷ. ಬೇರೆ ಕಡೆ ಟರ್ಮ್ ಪಾಲಿಸಿಯ ದರ ಕೇಳಿ ನೋಡಿದ ಮೇಲೆ ತೀರ್ಮಾನಿಸುವುದು ಒಳಿತು.

ಸ್ವಂತ ಪ್ಲಾಟಿನಲ್ಲಿ ಕಟ್ಟಿಸುವವರಿಗೆ ಸಾಲ ಹಂತ ಹಂತವಾಗಿ ಬರುತ್ತದೆ. ಬುನಾದಿ, ಗೋಡೆ, ಸ್ಲ್ಯಾಬ್ ಹೀಗೆ. ಕಟ್ಟಡ ಮುಗಿಯುವವರೆಗೆ ಬರೀ ಬಡ್ಡಿ ಕಟ್ಟುವ ವ್ಯವಸ್ಥೆ ಇದ್ದರೆ ಅದರಿಂದ ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಸರಾಸರಿ 12.5 ಲಕ್ಷ ಬಾಕಿ ಇದ್ದು ಕೆಲಸ ಒಂದೂವರೆ ವರ್ಷ ಎಳೆದರೆ ಶೇ 8.5ರಂತೆ ಸುಮಾರು ₹1.6 ಲಕ್ಷ ಹೋಗುತ್ತದೆ. ಜೊತೆಗೆ ಈಗಿರುವ ಮನೆಯ ಬಾಡಿಗೆ. ಗೌಂಡಿ ಸಿಗಲಿಲ್ಲ, ಉಸುಕು ಬರಲಿಲ್ಲ ಎಂದು ಕೆಲಸ ನಿಂತ ಪ್ರತಿ ತಿಂಗಳಿಗೂ ಹೀಗೊಂದು ಬೆಲೆ ಇದೆ.

ಸೀಸನ್ ದುಡ್ಡಿನಿಂದ ಸಾಲ ಇಳಿಸುವ ದಾರಿ

ವ್ಯಕ್ತಿಗಳ ಹೆಸರಿನ ಫ್ಲೋಟಿಂಗ್ ಮನೆ ಸಾಲವನ್ನು ಮೊದಲೇ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ. ಸ್ಥಿರ ಬಡ್ಡಿಯ ಸಾಲಕ್ಕೆ ಶುಲ್ಕ ಇರಬಹುದು, ಕೇಳಿಕೊಳ್ಳಬೇಕು.

ತಿಕೋಟಾ, ಬಬಲೇಶ್ವರ ಭಾಗದಲ್ಲಿ ದುಡ್ಡು ಪ್ರತಿ ತಿಂಗಳು ಒಂದೇ ಥರ ಬರುವುದಿಲ್ಲ. ದ್ರಾಕ್ಷಿ, ಒಣದ್ರಾಕ್ಷಿ ಮಾರಿದಾಗ ರೈತನ ಕೈಗೆ, ಆಮೇಲೆ ಅಂಗಡಿಯ ಗಲ್ಲೆಗೆ ಬರುತ್ತದೆ. ಮದುವೆ ಸೀಸನ್, ದೀಪಾವಳಿ ಬಟ್ಟೆ ಮತ್ತು ಬಂಗಾರದ ಅಂಗಡಿಗಳಿಗೆ. ಇಂಥವರಿಗೆ ವರ್ಷಕ್ಕೊಮ್ಮೆ ಒಂದಿಷ್ಟು ಅಸಲು ಕಟ್ಟುವುದು ಹೊಂದುತ್ತದೆ.

25 ಲಕ್ಷ, ಶೇ 8.5, 20 ವರ್ಷದ ಸಾಲಕ್ಕೆ ವರ್ಷಕ್ಕೆ ಒಂದೇ ಒಂದು ಹೆಚ್ಚುವರಿ ಕಂತು ಕಟ್ಟುತ್ತ ಹೋದರೆ ಸಾಲ 16 ವರ್ಷ 9 ತಿಂಗಳಿಗೆ ತೀರುತ್ತದೆ. ಉಳಿಯುವ ಬಡ್ಡಿ 5 ಲಕ್ಷಕ್ಕೂ ಹೆಚ್ಚು.

ಯಾವಾಗ ಕಟ್ಟುತ್ತಾರೆ ಎಂಬುದೂ ಮುಖ್ಯ. ಮೊದಲ ವರ್ಷ ಮುಗಿದಾಗ ಒಮ್ಮೆ ₹1 ಲಕ್ಷ ಅಸಲು ಕಟ್ಟಿದರೆ 21 ಕಂತು ಕಡಿಮೆಯಾಗಿ ಸುಮಾರು ₹3.65 ಲಕ್ಷ ಬಡ್ಡಿ ಉಳಿಯುತ್ತದೆ. ಅದೇ ₹1 ಲಕ್ಷವನ್ನು 15ನೇ ವರ್ಷ ಮುಗಿದಾಗ ಕಟ್ಟಿದರೆ ಉಳಿಯುವುದು ಸುಮಾರು ₹50 ಸಾವಿರ.

ಹಣ ಕಟ್ಟುವಾಗ ‘ಅಸಲಿಗೆ ಜಮಾ ಮಾಡಿ, ಕಂತು ಅಷ್ಟೇ ಇರಲಿ, ಅವಧಿ ಇಳಿಸಿ’ ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಬೇಕು. ಬರೀ ಖಾತೆಗೆ ಹಾಕಿ ಬಂದರೆ ಅದು ಮುಂದಿನ ತಿಂಗಳ ಕಂತಿನ ಮುಂಗಡ ಎಂದು ಎಣಿಕೆಯಾಗುವ ಸಾಧ್ಯತೆ ಇದೆ.

ಹಾಗಂತ ಇದ್ದ ಹಣವನ್ನೆಲ್ಲ ಮನೆ ಸಾಲಕ್ಕೇ ಸುರಿಯುವುದೂ ಜಾಣತನವಲ್ಲ. ಎರಡು ರೂಪಾಯಿ ಬಡ್ಡಿಯ ಖಾಸಗಿ ಸಾಲ ಇದ್ದರೆ ಮೊದಲು ಅದು ತೀರಬೇಕು. ಅಂಗಡಿಯ ಓಡಿ ಅಥವಾ ಕ್ಯಾಶ್ ಕ್ರೆಡಿಟ್ ಬಡ್ಡಿ ಮನೆ ಸಾಲಕ್ಕಿಂತ ಹೆಚ್ಚಿದ್ದರೆ ಅದು ಎರಡನೆಯದು. ನಾಲ್ಕಾರು ತಿಂಗಳ ಕಂತಿನಷ್ಟು ಹಣ ಕೈಯಲ್ಲಿ ಇಟ್ಟುಕೊಂಡು, ಉಳಿದದ್ದರಲ್ಲಿ ಮನೆ ಸಾಲ ಇಳಿಸುವುದು ಸುರಕ್ಷಿತ. ಮಳೆ ಕೈಕೊಟ್ಟ ವರ್ಷ ಊರಿನ ಉದ್ರಿ ವಸೂಲಾಗುವುದಿಲ್ಲ. ಆದರೆ ಮೂರು ತಿಂಗಳು ಕಂತು ನಿಂತರೆ ಸಾಲ ಕೆಟ್ಟ ಸಾಲದ ಪಟ್ಟಿಗೆ ಸೇರುತ್ತದೆ. ಆಮೇಲೆ ಸರ್ಫೇಸಿ ಕಾಯ್ದೆಯಡಿ 60 ದಿನಗಳ ನೋಟಿಸ್ ಬರಬಹುದು.

ತೆರಿಗೆ ಉಳಿತಾಯ, ಸಬ್ಸಿಡಿ

‘ಬಡ್ಡಿ ಕಟ್ಟಿದರೆ ಟ್ಯಾಕ್ಸ್ ಉಳಿತೈತಿ’ ಎಂಬ ಮಾತು ಈಗ ಎಲ್ಲರಿಗೂ ಹೊಂದುವುದಿಲ್ಲ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಕಡಿತ ಸಿಗುವುದು ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿ ಇದು ಇಲ್ಲ. 2025–26ರಿಂದ ಹೊಸ ಪದ್ಧತಿಯಲ್ಲಿ 12 ಲಕ್ಷದವರೆಗಿನ ಸಾಮಾನ್ಯ ಆದಾಯಕ್ಕೆ ತೆರಿಗೆಯೇ ಬೀಳದಿರುವುದರಿಂದ ಹೆಚ್ಚಿನ ಸಣ್ಣ ವ್ಯಾಪಾರಿಗಳಿಗೆ ತೆರಿಗೆಗಾಗಿ ಸಾಲ ಉಳಿಸಿಕೊಳ್ಳುವುದರಲ್ಲಿ ಅರ್ಥವಿಲ್ಲ.

ನಗರ ಪ್ರದೇಶದವರಿಗೆ ಪ್ರಧಾನಮಂತ್ರಿ ಆವಾಸ್ ಯೋಜನೆ–ನಗರ 2.0ರಲ್ಲಿ ಬಡ್ಡಿ ಸಬ್ಸಿಡಿ ಇದೆ. ವಾರ್ಷಿಕ ಆದಾಯ 9 ಲಕ್ಷದೊಳಗಿರಬೇಕು, ದೇಶದಲ್ಲಿ ಎಲ್ಲಿಯೂ ಪಕ್ಕಾ ಮನೆ ಇರಬಾರದು. ಮನೆ ಮೌಲ್ಯ 35 ಲಕ್ಷದೊಳಗೆ, ಸಾಲ 25 ಲಕ್ಷದೊಳಗೆ ಇರಬೇಕು. ಮೊದಲ 8 ಲಕ್ಷ ಸಾಲಕ್ಕೆ ಶೇ 4ರಷ್ಟು ಸಬ್ಸಿಡಿ, ಗರಿಷ್ಠ ₹1.80 ಲಕ್ಷ, ಐದು ವಾರ್ಷಿಕ ಕಂತುಗಳಲ್ಲಿ ಬರುತ್ತದೆ. ಸಾಲಕ್ಕೆ ಅರ್ಜಿ ಹಾಕುವಾಗಲೇ ಕೇಳಬೇಕು.

ಸಾಲ ಎಲ್ಲಿಯದು ಎಂಬುದೂ ಮುಖ್ಯ

ಮೇಲೆ ಹೇಳಿದ ರಿಸರ್ವ್ ಬ್ಯಾಂಕ್ ನಿಯಮಗಳು ಬ್ಯಾಂಕುಗಳು ಮತ್ತು ಅದರ ನಿಯಂತ್ರಣದಲ್ಲಿರುವ ಫೈನಾನ್ಸ್ ಕಂಪನಿಗಳಿಗೆ. ಜಿಲ್ಲೆಯಲ್ಲಿ ಊರೂರಿಗೆ ಇರುವ ಪತ್ತಿನ ಸಹಕಾರ ಸಂಘಗಳು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯಡಿ, ಸೌಹಾರ್ದಗಳು 1997ರ ಸೌಹಾರ್ದ ಕಾಯ್ದೆಯಡಿ ನಡೆಯುತ್ತವೆ. ಇವು ಬ್ಯಾಂಕುಗಳಲ್ಲ. ಪರಿಚಯದವರು, ಕೆಲಸ ಬೇಗ ಆಗುತ್ತದೆ ಎಂಬುದು ನಿಜ. ಆದರೆ ಮೊದಲೇ ಕಟ್ಟಿದರೆ ಶುಲ್ಕ ಇದೆಯಾ, ಬಡ್ಡಿ ಫ್ಲ್ಯಾಟ್ ಲೆಕ್ಕವೋ ಇಳಿಯುವ ಬಾಕಿಯದೋ ಎಂಬುದನ್ನು ಕರಾರುಪತ್ರದಲ್ಲೇ ಓದಿಕೊಳ್ಳಬೇಕು.

20 ವರ್ಷ ಎನ್ನುವುದು ಎಷ್ಟು ದೀರ್ಘ ಎಂದರೆ ಬ್ಯಾಂಕುಗಳ ಹೆಸರೇ ಬದಲಾಗಿಬಿಡುತ್ತದೆ. ಬಿಜಾಪುರ ಗ್ರಾಮೀಣ ಬ್ಯಾಂಕ್ 2005ರಲ್ಲಿ ಕರ್ನಾಟಕ ವಿಕಾಸ ಗ್ರಾಮೀಣ ಬ್ಯಾಂಕಿನಲ್ಲಿ ಸೇರಿತು. ಅದು 2025ರ ಮೇ 1ರಿಂದ ಕರ್ನಾಟಕ ಗ್ರಾಮೀಣ ಬ್ಯಾಂಕ್ ಆಯಿತು. ಸಿಂಡಿಕೇಟ್ ಬ್ಯಾಂಕ್ 2020ರಲ್ಲಿ ಕೆನರಾದಲ್ಲಿ, ವಿಜಯಾ ಬ್ಯಾಂಕ್ 2019ರಲ್ಲಿ ಬ್ಯಾಂಕ್ ಆಫ್ ಬರೋಡಾದಲ್ಲಿ ವಿಲೀನವಾದವು. ಹಾಗಾಗಿ ಮೂಲ ಖರೀದಿ ಪತ್ರ, ಎನ್‌ಎ ಆದೇಶ, ಉತಾರೆ ಮುಂತಾದ ಯಾವ ಯಾವ ಕಾಗದ ಬ್ಯಾಂಕಿಗೆ ಕೊಟ್ಟಿದ್ದೇವೆ ಎಂಬ ಪಟ್ಟಿಗೆ ಶಾಖೆಯ ಸಹಿ, ಮುದ್ರೆ ಹಾಕಿಸಿಕೊಂಡು ಮನೆಯಲ್ಲಿ ಜೋಪಾನ ಮಾಡಬೇಕು. ಮನೆಯ ಇನ್ನೊಬ್ಬರಿಗೂ ಅದು ಎಲ್ಲಿದೆ ಎಂದು ಗೊತ್ತಿರಬೇಕು.

ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಕಾಗದಪತ್ರ ವಾಪಸ್ ಕೊಡಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ ₹5,000 ಪರಿಹಾರ ಕೊಡಬೇಕು. ಈ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಕಾಗದ ಕೈಗೆ ಬಂದರೆ ಮುಗಿಯಲಿಲ್ಲ. ಉಪನೋಂದಣಿ ಕಚೇರಿಯಲ್ಲಿ ಅಡಮಾನ ರದ್ದಾಗಿ, ಋಣಭಾರ ಪತ್ರದಲ್ಲಿ ಅದು ನಮೂದಾಗಿದೆಯಾ ಎಂದು ನೋಡಿಕೊಳ್ಳಬೇಕು. ಇಲ್ಲದಿದ್ದರೆ ಮುಂದೆ ಮಕ್ಕಳು ಮನೆ ಮಾರುವಾಗ, ವಾಟ್ನಿ ಮಾಡುವಾಗ ತೊಂದರೆಯಾಗುತ್ತದೆ.

ಬ್ಯಾಂಕಿನ ಮೇಲೆ ದೂರು ಇದ್ದರೆ ಮೊದಲು ಶಾಖೆಗೇ ಲಿಖಿತವಾಗಿ ಕೊಡಬೇಕು. 30 ದಿನದಲ್ಲಿ ಉತ್ತರ ಬರದಿದ್ದರೆ ಅಥವಾ ಉತ್ತರ ಸಮಾಧಾನ ಕೊಡದಿದ್ದರೆ ರಿಸರ್ವ್ ಬ್ಯಾಂಕ್ ಓಂಬುಡ್ಸ್‌ಮನ್‌ಗೆ ದೂರಬಹುದು. ಮಾಹಿತಿಗೆ ಸಹಾಯವಾಣಿ 14448.

ಸಹಿಗೆ ಮುಂಚೆ ಕೇಳಬೇಕಾದ ಪ್ರಶ್ನೆಗಳು

1. ಎಪಿಆರ್ ಎಷ್ಟು? ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕನ್ನಡದಲ್ಲಿ ಸಿಗುತ್ತದಾ?
2. ಅವಧಿ ಮುಗಿಯುವವರೆಗೆ ಒಟ್ಟು ಎಷ್ಟು ಕಟ್ಟಬೇಕು? ಐದು ವರ್ಷ ಕಡಿಮೆ ಮಾಡಿದರೆ ಎಷ್ಟು?
3. ಬಡ್ಡಿ ಯಾವ ದರಕ್ಕೆ ಕಟ್ಟಿದೆ, ಎಷ್ಟು ತಿಂಗಳಿಗೊಮ್ಮೆ ಬದಲಾಗುತ್ತದೆ?
4. ಬಡ್ಡಿ ಏರಿದರೆ ಕಂತು ಏರುತ್ತದಾ, ಅವಧಿ ಏರುತ್ತದಾ?
5. ಮೊದಲೇ ಕಟ್ಟಿದರೆ ಶುಲ್ಕ ಇದೆಯಾ?
6. ವಿಮೆ ಪ್ರೀಮಿಯಂ ಸಾಲದಲ್ಲೇ ಸೇರಿದೆಯಾ?

ಈಗಾಗಲೇ ಸಾಲ ಇರುವವರು ಈ ವಾರ ಶಾಖೆಗೆ ಹೋಗಿ ಇಲ್ಲವೇ ಬ್ಯಾಂಕಿನ ಆ್ಯಪ್‌ನಲ್ಲಿ ಸಾಲದ ತಖ್ತೆ ತೆಗೆದು ಎರಡು ಸಂಖ್ಯೆ ನೋಡಿಕೊಳ್ಳಬಹುದು. ಬಾಕಿ ಕಂತು ಎಷ್ಟು, ಈಗಿನ ಬಡ್ಡಿ ಎಷ್ಟು. ಸಾಲ ಎತ್ತಿದ ದಿನದ ಕಾಗದದ ಜೊತೆ ಹೋಲಿಸಿದರೆ ಅವಧಿ ಬೆಳೆದಿದೆಯೋ ಇಲ್ಲವೋ ಅಲ್ಲೇ ಗೊತ್ತಾಗುತ್ತದೆ. ಬೆಳೆದಿದ್ದರೆ ತಿಂಗಳಿಗೆ ಸಾವಿರ, ಎರಡು ಸಾವಿರ ಕಂತು ಏರಿಸಲು ಆಗುತ್ತದಾ ಎಂದು ಮನೆಯಲ್ಲಿ ಕೂತು ಲೆಕ್ಕ ಹಾಕುವುದಕ್ಕೆ ಇದೇ ಸರಿಯಾದ ಹೊತ್ತು.